ಹಡಗಿನ ಗೋದಿ

೨೦೦೬ರ ಶ್ರಾವಣದಲ್ಲಿ ಚಚಡಿಯ ರೇಶನ್ ಅಂಗಡಿಗೆ ಬಂದ ಗೋದಿ ಕೆಂಪಗಿತ್ತು. ಗುರುಬಸವ್ವ ಅದನ್ನು ಮೊರದಲ್ಲಿ ಹಾಕಿ ಕೇರಿದಾಗ ಅಂಚಿಗೆ ಬಂದು ನಿಂತದ್ದು ಹೊಟ್ಟಲ್ಲ, ಹರಳಲ್ಲ. ಎಳ್ಳಿಗಿಂತ ತುಸು ದೊಡ್ಡದಾದ, ಮೈತುಂಬ ಸಣ್ಣ ಮುಳ್ಳಿದ್ದ ಕಪ್ಪು ಬೀಜ. ತನ್ನ ಮನೆಯದಲ್ಲದೆ ಊರಿನ ನಾಲ್ಕು ದೊಡ್ಡ ಮನೆಗಳ ಕಾಳನ್ನೂ ಮೂವತ್ತು ವರ್ಷದಿಂದ ಹಸನು ಮಾಡುತ್ತ ಬಂದವಳು ಅವಳು. ಯಾವ ಹೊಲದ ಜೋಳದಲ್ಲಿ ಯಾವ ಕಸದ ಬೀಜ ಬರುತ್ತದೆಂದು ಬೆರಳಲ್ಲಿ ಮುಟ್ಟಿಯೇ ಹೇಳುತ್ತಿದ್ದಳು. ಈ ಬೀಜಕ್ಕೆ ಮಾತ್ರ ಅವಳ ಬಳಿ ಹೆಸರಿರಲಿಲ್ಲ.

ಮೊದಲು ಸಂಶಯ ಹೋದದ್ದು ರೇಶನ್ ಅಂಗಡಿಯ ಶಂಕ್ರೆಪ್ಪನ ಮೇಲೆ. ಅದಕ್ಕೆ ಕಾರಣವೂ ಇತ್ತು. ಆರು ವರ್ಷದ ಹಿಂದೆ ಆತ ಊರಿನ ಸೀಮೆಎಣ್ಣೆಯನ್ನು ಲಾರಿಯವರಿಗೆ ಮಾರಿ ಸಿಕ್ಕಿಬಿದ್ದು, ಮೂರು ತಿಂಗಳು ಅಂಗಡಿ ಮುಚ್ಚಿಸಿಕೊಂಡಿದ್ದ. ಒಳ್ಳೆಯ ಗೋದಿಯನ್ನು ಎಲ್ಲಿಯೋ ಸಾಗಿಸಿ, ದನಕ್ಕೆ ಹಾಕುವುದನ್ನು ತಂದು ತೂಗುತ್ತಿದ್ದಾನೆಂದು ಹೆಂಗಸರು ಬಾವಿಕಟ್ಟೆಯಲ್ಲೇ ತೀರ್ಮಾನ ಮಾಡಿದ್ದರು. ಗುರುಬಸವ್ವ ಬೀಜಗಳನ್ನು ಸೆರಗಿನಲ್ಲಿ ಕಟ್ಟಿಕೊಂಡು ಅಂಗಡಿಗೆ ಹೋದಳು.

"ಇದೇನ್ರಿ ಇದು?"

ಶಂಕ್ರೆಪ್ಪ ಬೀಜ ನೋಡಲಿಲ್ಲ, ಅವಳ ಮುಖ ನೋಡಿದ. "ಗೋದಾಮಿನಿಂದ ಹೆಂಗ ಬಂತೋ ಹಂಗ ತೂಗೇನಿ. ನನ್ನ ಏನ ಕೇಳತಿ?"

"ಹಂಗಿದ್ರ ಹೊಲಿಗಿ ಬಿಚ್ಚದ ಚೀಲ ಒಂದ ನನ್ನ ಮುಂದ ಬಿಚ್ರಿ."

ಸುತ್ತ ನಾಲ್ಕು ಜನ ಸೇರಿದ್ದರು. ಬೇಡವೆಂದರೆ ಕಳ್ಳನಾಗುತ್ತೇನೆಂದು ತಿಳಿದು ಆತ ಹಿಂದಿನ ಸಾಲಿನಿಂದ ಒಂದು ಚೀಲ ಎಳೆದ. ಗುರುಬಸವ್ವ ಹೊಲಿಗೆಯನ್ನು ಉದ್ದಕ್ಕೂ ಸವರಿ ನೋಡಿದಳು. ಯಂತ್ರದ ಹೊಲಿಗೆ, ಎಲ್ಲಿಯೂ ಮರುಹೊಲಿಗೆಯ ತೂತಿರಲಿಲ್ಲ. ಬಿಚ್ಚಿದ ಮೇಲೆ ಮೊಣಕೈವರೆಗೆ ಕೈ ಇಳಿಸಿ ತಳದಿಂದ ಒಂದು ಹಿಡಿ ತೆಗೆದಳು. ಅದೇ ಕೆಂಪು ಗೋದಿ. ಅದರ ನಡುವೆ ಅದೇ ಮುಳ್ಳುಬೀಜ, ಏಳೆಂಟು.

"ಈಗ ಸಮಾಧಾನ ಆತೇನು?" ಎಂದ ಶಂಕ್ರೆಪ್ಪ.

ಆಗಿರಲಿಲ್ಲ. ಇವನಲ್ಲದಿದ್ದರೆ ಯಾರು ಎಂಬುದು ಇನ್ನೂ ಕೆಟ್ಟ ಪ್ರಶ್ನೆಯಾಗಿತ್ತು.

ಉತ್ತರ ಸಿಕ್ಕಿದ್ದು ಕೃಷಿ ಇಲಾಖೆಯ ಸಹಾಯಕಿ ಮಂಜುಳಾಳಿಂದ. ವಾರಕ್ಕೊಮ್ಮೆ ಸವದತ್ತಿಯಿಂದ ಬರುತ್ತಿದ್ದ ಹುಡುಗಿ ಅವಳು. ಬೀಜವನ್ನು ಅಂಗೈಯಲ್ಲಿ ಹೊರಳಾಡಿಸಿ, ಅದರ ಹೆಸರು ತನಗೂ ಗೊತ್ತಿಲ್ಲವೆಂದಳು.

"ಈ ಗೋದಿ ಹಡಗಿನಾಗ ಬಂದೇತಿ ಅಜ್ಜಿ, ಆಸ್ಟ್ರೇಲಿಯಾದಿಂದ. ಈ ವರ್ಷ ಕಂಪನಿಯವರು ಮೊದಲ ಹೋಗಿ ರೈತರ ಕಡಿಂದ ಕೊಂಡುಬಿಟ್ರು. ಸರಕಾರಕ್ಕ ಸಾಕಷ್ಟು ಸಿಗಲಿಲ್ಲ. ಅದಕ್ಕ ಹೊರಗಿಂದ ತರಿಸ್ಯಾರ."

ಗುರುಬಸವ್ವ ಪಕ್ಕದಲ್ಲಿ ಕೂತಿದ್ದ ಗಂಡ ಬಸವಣ್ಣೆಪ್ಪನ ಕಡೆ ನೋಡಿದಳು. ಅದೇ ವರ್ಷದ ಸುಗ್ಗಿಯಲ್ಲಿ ಆತ ತಾವು ಬೆಳೆದ ಆರು ಚೀಲ ಗೋದಿಯನ್ನು ಬೈಲಹೊಂಗಲ ಪೇಟೆಗೆ ಒಯ್ದಾಗ, ಕಾಳು ಸಣ್ಣದಾಗಿದೆ ಎಂದು ದಲಾಲ ಮೂಗು ಮುರಿದಿದ್ದ.

"ಹೊರಗಿಂದು ತರೋವಾಗ ಕಸದ ಬೀಜ ಇರಬಾರದಂತ ಕಾಯದೆ ಇಲ್ಲೇನು?" ಎಂದು ಬಸವಣ್ಣೆಪ್ಪ ಕೇಳಿದ.

"ಐತಿ. ಲಗೂ ಬರಲಿ ಅಂತ ಸ್ವಲ್ಪ ಸಡಿಲ ಮಾಡ್ಯಾರಂತ ಪೇಪರಿನಾಗ ಓದೇನಿ. ಇಷ್ಟು ಬೀಜ ಇದ್ರ ನಡೀತೈತಿ ಅಂತ."

"ಇಷ್ಟು ಅಂದ್ರ ಎಷ್ಟ?" ಎಂದಳು ಗುರುಬಸವ್ವ. "ಹೊಲಾ ಕೆಡಸಾಕ ಒಂದ ಸಾಕು."

ಮಂಜುಳಾ ಒಂದು ಚಿಟಿಕೆ ಬೀಜವನ್ನು ಕಾಗದದಲ್ಲಿ ಕಟ್ಟಿಕೊಂಡು, ಮೇಲಿನ ಕಚೇರಿಗೆ ಕಳಿಸುವುದಾಗಿ ಹೇಳಿ ಹೋದಳು.

ಅವತ್ತು ರಾತ್ರಿ ಊಟಕ್ಕೆ ಬಡಿಸುತ್ತ ಗುರುಬಸವ್ವ ಗಂಡನ ಕೈ ನೋಡಿದಳು. ಬಸವಣ್ಣೆಪ್ಪನ ಎರಡೂ ಕೈ ಮೊಣಕೈವರೆಗೆ ಆನೆಯ ಚರ್ಮದಂತೆ ದಪ್ಪಗಾಗಿ ಸೀಳಿದ್ದವು. ಅದು ಕಾಂಗ್ರೆಸ್ ಕಸದ, ಅಂದರೆ ಪಾರ್ಥೇನಿಯಂ ಗಿಡದ ನಂಜು; ಆ ಕಸ ಹೂಬಿಟ್ಟ ದಿನಗಳಲ್ಲಿ ಆತ ಬದುವಿನ ಮೇಲೆ ಕಾಲಿಡುವಂತಿರಲಿಲ್ಲ. ಇಟ್ಟರೆ ಕಣ್ಣು ಬಾತು ಮುಚ್ಚಿಕೊಳ್ಳುತ್ತಿದ್ದವು. ಆ ಕಸ ಹಿಂದೊಮ್ಮೆ ಅಮೆರಿಕದ ಗೋದಿಯ ಜೊತೆ ಬಂತೆಂದು ಅವಳ ಅತ್ತೆ ಹೇಳುತ್ತಿದ್ದಳು. ನಿಜವೋ ಸುಳ್ಳೋ, ಅದು ಬಂದಾಗ ಮೊರ ಹಿಡಿದು ಕೂತಿದ್ದ ಹೆಂಗಸರು ಏನು ಮಾಡುತ್ತಿದ್ದರೆಂದು ಗುರುಬಸವ್ವ ಮೊದಲ ಸಲ ಯೋಚಿಸಿದಳು. ಈಗ ಊರಿನ ಹೆಂಗಸರು ಮಾಡುತ್ತಿರುವುದನ್ನೇ ಮಾಡಿರಬೇಕು. ಕೇರಿದ ಕಸವನ್ನು ಕೋಳಿಗೆ ಚೆಲ್ಲುವುದು, ತಿಪ್ಪೆಗೆ ಹಾಕುವುದು. ತಿಪ್ಪೆ ನಾಳೆ ಹೊಲಕ್ಕೆ ಹೋಗುತ್ತದೆ.

ಮರುದಿನದಿಂದ ಅವಳು ಬುಟ್ಟಿ ಹಿಡಿದು ಮನೆಮನೆಗೆ ಹೋದಳು. "ಗೋದಿ ಹಸನ ಮಾಡಿದ ಕಸ ಚೆಲ್ಲಬ್ಯಾಡ್ರಿ, ನನಗ ಕೊಡ್ರಿ." ಕೆಲವರು ಕೊಟ್ಟರು. ಕೆಲವರು ಬಾಗಿಲಲ್ಲೇ ನಿಂತು, ಏತಕ್ಕೆ ಎಂದು ಕೇಳಿದರು. ಬರೀ ಸುಡುವುದಕ್ಕೆ ಎಂದರೆ ಯಾರು ನಂಬುತ್ತಾರೆ? ಯಾವುದೋ ಔಷಧದವರಿಗೆ ಮಾರುತ್ತಾಳೆ ಎಂದರು ಒಬ್ಬರು. ನಮ್ಮ ಮನೆಯ ಕಸ ಒಯ್ದು ಮಾಟ ಮಾಡಿಸುತ್ತಾಳೆ ಎಂದರು ಇನ್ನೊಬ್ಬರು. ಇಂದ್ರವ್ವ, ಇಪ್ಪತ್ತು ವರ್ಷದ ಗೆಳತಿ, ಅವಳನ್ನು ಕಂಡು ಕದ ಮುಚ್ಚಿದಳು. ಗುರುಬಸವ್ವ ಬುಟ್ಟಿ ಎತ್ತಿಕೊಂಡು ಮುಂದಿನ ಮನೆಗೆ ಹೋದಳು.

ನಾಲ್ಕನೆಯ ದಿನ ಬೆಳಿಗ್ಗೆ ಶಂಕ್ರೆಪ್ಪ ಮನೆಗೆ ಬಂದ. ಪಡಸಾಲೆಯಲ್ಲಿ ಕೂರಲಿಲ್ಲ.

"ಯಾರಿಗಿ ತೋರ್ಸಾಕ ಕೂಡಿಸಾಕ ಹತ್ತೀ ಇದನ್ನ? ತಹಶೀಲ್ದಾರರಿಗೇನು?"

"ಒಲಿಗೆ."

"ನನ್ನ ಅಂಗಡಿ ಮತ್ತ ಮುಚ್ಚಸಬೇಕಂತ ಮಾಡಿಯೇನು? ಬೇಕಾದ್ರ ಒಂದ ಚೀಲ ಚೊಲೋ ಗೋದಿ ಕೊಡತೇನಿ, ಇದನ್ನ ಇಲ್ಲಿಗೆ ಬಿಡು."

ಚೊಲೋ ಗೋದಿ ಇವನಲ್ಲಿ ಎಲ್ಲಿಂದ ಬಂತೆಂದು ಅವಳ ಮನಸ್ಸಿಗೆ ಬಾರದಿರಲಿಲ್ಲ. ಆದರೂ ಅಡುಗೆಮನೆಗೆ ಹೋಗಿ ಬುಟ್ಟಿಯ ಕಸವನ್ನೆಲ್ಲ ಅವನ ಎದುರಿಗೇ ಒಲೆಗೆ ಸುರಿದಳು. ಬೀಜಗಳು ಚಟಚಟ ಸಿಡಿದವು, ಕಮಟು ವಾಸನೆ ಬಂತು. ಶಂಕ್ರೆಪ್ಪ ಹೊಸ್ತಿಲಲ್ಲಿ ನಿಂತು ಕೊನೆಯವರೆಗೂ ನೋಡಿದ.

"ನಿಮ್ಮ ಅಂಗಡಿ ನೆಲಾ ಹೊಡೆದ ಕಸ ಎಲ್ಲಿ ಹಾಕೀರಿ?" ಎಂದಳು.

"ಗಟಾರಕ್ಕ."

"ನಡೀರಿ ಮತ್ತ."

ಅವಳೊಬ್ಬಳೇ ಹೋದರೆ ಊರ ಮುಂದೆ ಏನು ಹೇಳುತ್ತಾಳೋ ಎಂಬ ಭಯಕ್ಕೋ ಏನೋ, ಆತ ಹಿಂದೆಯೇ ಬಂದ. ಅಂಗಡಿಯ ಮುಂದಿನ ಗಟಾರದಿಂದ ಇಬ್ಬರೂ ಸಲಿಕೆಯಲ್ಲಿ ರಾಡಿ ಎತ್ತಿದರು. ಕೆಲವು ಬೀಜಗಳು ಆಗಲೇ ಬಿರಿದು ಬಿಳಿ ಬೇರು ಬಿಟ್ಟಿದ್ದವು. ಶಂಕ್ರೆಪ್ಪ ಒಂದನ್ನು ಉಗುರಿನಲ್ಲಿ ಎತ್ತಿ ಬಹಳ ಹೊತ್ತು ನೋಡಿದ. ಆಮೇಲೆ ಯಾರೂ ಹೇಳದೆಯೇ ಗಟಾರವನ್ನು ಮೂಲೆಯವರೆಗೆ ಬಳಿದು, ಎತ್ತಿದ್ದನ್ನೆಲ್ಲ ಬಿಸಿಲಿಗೆ ಹರವಿ, ಒಣಗಿದ ಮೇಲೆ ಸೀಮೆಎಣ್ಣೆ ಸುರಿದು ಸುಟ್ಟ.

ದೀಪಾವಳಿ ಕಳೆದ ಮೇಲೆ ಮಂಜುಳಾ ಮೇಲಿನ ಕಚೇರಿಯ ಒಂದು ಪತ್ರ ತಂದಳು. ಕಳಿಸಿದ ಮಾದರಿ ಪರೀಕ್ಷೆಗೆ ಸಾಲದು, ಇನ್ನೂ ನೂರು ಗ್ರಾಂ ಕಳಿಸಬೇಕೆಂದು ಅದರಲ್ಲಿ ಬರೆದಿತ್ತು.

"ಇಟ್ಟೀರೇನು ಅಜ್ಜಿ?"

"ಒಂದೂ ಇಲ್ಲ. ಇಲ್ಲ ಅಂತ ಬರದ ಬಿಡವ್ವಾ."

ಮಂಜುಳಾ ಹಾಗೆಯೇ ಬರೆದಳು. ಆ ಬೀಜ ಯಾವುದೆಂದು ಕೊನೆಗೂ ತಿಳಿಯಲಿಲ್ಲ. ಇಂದ್ರವ್ವ ಮರುವರ್ಷ ಮಳೆಗಾಲದ ಹೊತ್ತಿಗೆ ಮಾತಾಡಿಸತೊಡಗಿದಳು. ಆ ಮಳೆಗಾಲವೆಲ್ಲ ಗುರುಬಸವ್ವ ಬೇರೆಯವರ ಬದುಗಳ ಮೇಲೂ ತಲೆ ತಗ್ಗಿಸಿ ನಡೆದಳು. ಹೆಸರು ಗೊತ್ತಿಲ್ಲದ ಸಸಿ ಎರಡು ಸಿಕ್ಕವು. ಎರಡನ್ನೂ ಬೇರುಸಮೇತ ಕಿತ್ತಳು.