ನಾಲ್ಕನೆಯ ಅಂಕಿ

ಕಸ್ತೂರೆವ್ವ ಕೋರ್ಟಿನ ನೋಟಿಸನ್ನು ದಾಖಲೆ ಕೋಣೆಯ ಮೇಜಿನ ಮೇಲೆ ಹಾಕಿದಳು. ಕುಳಿತುಕೊಳ್ಳಲು ಹೇಳಿದರೂ ಕೂಡಲಿಲ್ಲ.

ಅದು 1984ರ ಸೆಪ್ಟೆಂಬರ್ ಕೊನೆಯ ವಾರ. ಗದಗಿನ ಆ ಖಾಸಗಿ ಆಸ್ಪತ್ರೆಯಲ್ಲಿ ಪ್ರಹ್ಲಾದ ನಾಲ್ಕು ವರ್ಷಗಳಿಂದ ದಾಖಲೆ ಗುಮಾಸ್ತ. ನೋಟಿಸನ್ನು ಎರಡು ಸಲ ಓದಿದ. ಫೆಬ್ರುವರಿ 14ರಂದು ಅಂತೂರ-ಬೆಂತೂರ ಬಳಿ ಮೋಟಾರ್‌ಸೈಕಲ್ಲೊಂದು ಹತ್ತಿಯ ಚಕ್ಕಡಿಗೆ ಹಿಂದಿನಿಂದ ಗುದ್ದಿತ್ತು. ನೋಟಿಸಿನ ಪ್ರಕಾರ ಅದನ್ನು ನಡೆಸುತ್ತಿದ್ದವನು ಮೈಲಾರಪ್ಪ. ಅಪಘಾತಕ್ಕೆ ಅವನೇ ಹೊಣೆ. ಅವನು ಸತ್ತಿರುವುದರಿಂದ ಪ್ರಕರಣ ಮುಗಿಸಬೇಕೆಂದು ಪೊಲೀಸರು ವರದಿ ಸಲ್ಲಿಸಿದ್ದರು. ಆಕ್ಷೇಪಣೆ ಇದ್ದರೆ ಮೃತನ ಹೆಂಡತಿ ಕಸ್ತೂರೆವ್ವ ಅಕ್ಟೋಬರ್ 16ರಂದು ಹಾಜರಾಗಬೇಕಿತ್ತು.

"ಅವರಿಗೆ ಸೈಕಲ್ ಹೊಡಿಯಾಕೂ ಬರತಿದ್ದಿಲ್ರಿ," ಎಂದಳು ಕಸ್ತೂರೆವ್ವ. "ಫೌಜದಾರನ್ನ ಕೇಳಿದ್ರ, ದವಾಖಾನಿ ಕಾಗದ ಹಂಗ ಹೇಳತೈತಿ ಅಂತಾನ. ಆ ಕಾಗದ ಬರದಾವ್ರು ಯಾರು, ನನಗ ತೋರಸ್ರಿ."

ಮೈಲಾರಪ್ಪ ಲಕ್ಷ್ಮೇಶ್ವರದ ಒಂದು ಅಡತಿ ಅಂಗಡಿಯಲ್ಲಿ ಕಾಳು ತೂಗುತ್ತಿದ್ದ. ಅಂದು ಮೋಟಾರ್‌ಸೈಕಲ್ಲಿನ ಮೇಲಿದ್ದ ಇನ್ನೊಬ್ಬ, ಅಂಗಡಿ ಮಾಲೀಕನ ಮಗ ಪುಂಡಲೀಕಪ್ಪ. ಅವನ ಬಲಗೈ ಮುರಿದಿತ್ತು. ಮೈಲಾರಪ್ಪನ ತಲೆಬುರುಡೆ ಒಡೆದಿತ್ತು. ಎರಡು ದಿನ ಪ್ರಜ್ಞೆಯಿಲ್ಲದೆ ಮಲಗಿ ಅವನು ಸತ್ತ. ಚಕ್ಕಡಿಯ ಹುಚ್ಚೀರಪ್ಪ ಎತ್ತುಗಳ ಮುಂದೆ ಹಗ್ಗ ಹಿಡಿದು ನಡೆಯುತ್ತಿದ್ದ. ಸದ್ದಿಗೆ ತಿರುಗಿದಾಗ ಇಬ್ಬರೂ ನೆಲದ ಮೇಲಿದ್ದರು. ಮೋಟಾರ್‌ಸೈಕಲ್ ಯಾರ ಕೈಯಲ್ಲಿತ್ತೆಂದು ಹೇಳಬಲ್ಲವನು ಪುಂಡಲೀಕಪ್ಪ ಒಬ್ಬನೇ. ಮೈಲಾರಪ್ಪನೇ ಎಂದು ಅವನು ಹೇಳಿದ್ದ. ಈಗ ಅವನ ಮನೆಯವರು, ನಿನ್ನ ಗಂಡ ನಮ್ಮ ಹುಡುಗನ ಕೈ ಮುರಿದು ಹೋದ ಎಂದು ಕಸ್ತೂರೆವ್ವನನ್ನು ಬಾವಿಕಟ್ಟೆಯಲ್ಲೇ ಹೀಯಾಳಿಸುತ್ತಿದ್ದರು.

ಪ್ರಹ್ಲಾದ ಮೈಲಾರಪ್ಪನ ಕಾರ್ಡು ತೆಗೆದ. ಅದರ ಮೇಲೆ ತನ್ನದೇ ಅಕ್ಷರ: ಇ 813.2. ಗಾಯ ಹೇಗಾಯಿತೆಂಬುದಕ್ಕೆ ಅಂಕಿ ಕೊಡುವ ದಪ್ಪ ಪುಸ್ತಕವೊಂದು ಅವನ ಮೇಜಿನ ಮೇಲಿತ್ತು. ಅದರ ಪ್ರಕಾರ 813 ಎಂದರೆ ಮೋಟಾರ್ ವಾಹನವು ಚಕ್ಕಡಿ, ಸೈಕಲ್ಲಿನಂಥ ಇತರ ವಾಹನಕ್ಕೆ ಗುದ್ದಿದ್ದು. ಚುಕ್ಕೆಯ ನಂತರದ ನಾಲ್ಕನೆಯ ಅಂಕಿ, ಗಾಯಗೊಂಡವನು ಯಾರೆಂದು ಹೇಳುತ್ತದೆ. 2 ಎಂದರೆ ಮೋಟಾರ್‌ಸೈಕಲ್ ಸವಾರ. 3 ಎಂದರೆ ಹಿಂದೆ ಕುಳಿತವನು. 9 ಎಂದರೆ ಗೊತ್ತಿಲ್ಲ.

ಕೇಸ್ ಪೇಪರ್ ತೆಗೆದು ನೋಡಿದ. ಡಾಕ್ಟರು ಬರೆದದ್ದು ಒಂದೇ ಸಾಲು: ಮೋಟಾರ್‌ಸೈಕಲ್ ಚಕ್ಕಡಿಗೆ ಬಡಿದು ತಲೆಗೆ ಪೆಟ್ಟು, ಪ್ರಜ್ಞೆ ಇಲ್ಲ. ಯಾರು ನಡೆಸುತ್ತಿದ್ದರೆಂದು ಎಲ್ಲಿಯೂ ಇರಲಿಲ್ಲ.

ಆ 2 ಎಲ್ಲಿಂದ ಬಂತೆಂದು ಪ್ರಹ್ಲಾದನಿಗೆ ಗೊತ್ತಿತ್ತು. ಕೆಲಸಕ್ಕೆ ಸೇರಿದ ವರ್ಷ ಅವನು ತಿಳಿಯದ ಕಡೆಯೆಲ್ಲ 9 ಬರೆದಿದ್ದ. ಈ ಅಂಕಿಗಳನ್ನು ಒಟ್ಟುಮಾಡಿ ಕಳಿಸುವ ತಿಂಗಳ ತಖ್ತೆ ಜಿಲ್ಲಾ ಆರೋಗ್ಯ ಕಚೇರಿಯಿಂದ ವಾಪಸು ಬಂತು: ಒಂಬತ್ತುಗಳು ಹೆಚ್ಚಾಗಿವೆ, ಕಡಿಮೆ ಮಾಡಿ. ಮೂರು ಸಲ ಹಾಗೆ ಬಂದ ಮೇಲೆ ಆಸ್ಪತ್ರೆಯ ಮುಖ್ಯಸ್ಥ ಡಾಕ್ಟರ್ ವಾಸುದೇವ ಅವನನ್ನು ಕರೆದು, ಗಾಡಿಯಿಂದ ಬಿದ್ದ ಗಂಡಸರಿಗೆಲ್ಲ 2 ಹಾಕಿಬಿಡಿ ಎಂದಿದ್ದರು. ಅವನು ಹಾಕುತ್ತ ಬಂದ. ಮರುವರ್ಷ ತಖ್ತೆ ಚೊಕ್ಕವಾಗಿದೆ ಎಂದು ಮೆಚ್ಚುಗೆಯ ಪತ್ರ ಬಂದಿತ್ತು. ಡಾಕ್ಟರು ಅದಕ್ಕೆ ಕಟ್ಟು ಹಾಕಿಸಿ ಗೋಡೆಗೆ ತೂಗುಹಾಕಿದ್ದರು. ಠಾಣೆಯ ಫೌಜದಾರರು ಗಾಯದ ಪ್ರಮಾಣಪತ್ರ ಕೇಳಿದಾಗ ಕಚೇರಿಯವರು ಕೇಸ್ ಪೇಪರ್ ಹುಡುಕುವ ಗೋಜಿಗೆ ಹೋಗದೆ ಕಾರ್ಡು ನೋಡಿ 'ಚಾಲಕ' ಎಂದು ಟೈಪು ಮಾಡಿದ್ದರು. ಡಾಕ್ಟರು ಸಹಿ ಮಾಡಿದ್ದರು.

"ಬರದಾವ ನಾನಽ," ಎಂದ ಪ್ರಹ್ಲಾದ.

ಕಸ್ತೂರೆವ್ವ ಅವನನ್ನು ಮೇಲಿಂದ ಕೆಳಗೆ ನೋಡಿದಳು. "ನೀವು ಅಲ್ಲಿದ್ರೇನ್ರಿ?"

"ಇಲ್ಲ."

"ಮತ್ತ?"

ಅವಳು ನೋಟಿಸನ್ನು ಮಡಚಿಕೊಂಡು ಹೊರಟುಹೋದಳು.

ಅಂದಿನಿಂದ ನಾಲ್ಕು ದಿನ ಪ್ರಹ್ಲಾದ ಕಾರ್ಡುಗಳನ್ನೂ ಕೇಸ್ ಪೇಪರುಗಳನ್ನೂ ಎದುರುಬದುರು ಇಟ್ಟು ನೋಡಿದ. ನಾಲ್ಕು ವರ್ಷಗಳಲ್ಲಿ ಸವಾರರೆಂದು ಬರೆದ ಕಾರ್ಡುಗಳು 214. ಅವುಗಳಲ್ಲಿ 131ಕ್ಕೆ ಕೇಸ್ ಪೇಪರಿನಲ್ಲಿ ಆಧಾರವಿರಲಿಲ್ಲ. ಶಿರಹಟ್ಟಿಯ ಒಬ್ಬನಂತೂ ರಸ್ತೆ ದಾಟುತ್ತಿದ್ದ ಪಾದಚಾರಿ. ಕೇಸ್ ಪೇಪರಿನಲ್ಲಿ ಸ್ಪಷ್ಟವಾಗಿ ಬರೆದಿದ್ದನ್ನೂ ಓದದೆ ಪ್ರಹ್ಲಾದ ಅವನನ್ನು ಗಾಡಿ ಹತ್ತಿಸಿದ್ದ. ಆ ಕಾರ್ಡನ್ನು ಕೈಯಲ್ಲಿ ಹಿಡಿದಾಗ ಪ್ರಹ್ಲಾದನಿಗೆ ಬಂದದ್ದು ನಾಚಿಕೆಯಲ್ಲ, ಸಿಟ್ಟು. ತನ್ನ ಮೇಲೆ, ತಖ್ತೆಯ ಮೇಲೆ, ಗೋಡೆಗೆ ತೂಗಿದ್ದ ಆ ಮೆಚ್ಚುಗೆಯ ಪತ್ರದ ಮೇಲೆ.

ಪ್ರಮಾಣಪತ್ರ ತಪ್ಪಾಗಿದೆಯೆಂದು ಫೌಜದಾರರಿಗೆ ಬರೆಯಬೇಕೆಂದು ಅವನು ಡಾಕ್ಟರ್ ವಾಸುದೇವರನ್ನು ಕೇಳಿದ. ಆಗುವುದಿಲ್ಲ, ಸತ್ತವನು ಸತ್ತ, ಈಗ ಕೆದಕಿದರೆ ಆಸ್ಪತ್ರೆಯ ಹೆಸರು ಹೋಗುತ್ತದೆ ಎಂದರು ಡಾಕ್ಟರು.

"ಸುಮ್ನ ಹೋಗಿ ಕೆಲಸಾ ನೋಡ್ರಿ, ಪ್ರಹ್ಲಾದರಾವ್. ಒಂದು ಕಾರ್ಡಿನ 2 ಸುಳ್ಳಂತ ಒಪ್ಪಿಕೊಂಡ್ರ, ಬರದ 2 ಎಲ್ಲಾ ಸುಳ್ಳಾಗ್ತಾವ."

"ಆಗ್ಯಾವ್ರಿ. ಎಣಿಸಿ ಬಂದೀನಿ."

ಅದೇ ಸಂಜೆ ಡಾಕ್ಟರು ದಾಖಲೆ ಕೋಣೆಯ ಕೀಲಿ ಇಸಿದುಕೊಂಡರು. ಮರುದಿನ ಪ್ರಹ್ಲಾದ ಬಸ್ಸು ಹತ್ತಿ ಲಕ್ಷ್ಮೇಶ್ವರಕ್ಕೆ ಹೋಗಿ, ತನ್ನನ್ನು ಸಾಕ್ಷಿಗೆ ಕರೆಸು ಎಂದು ಕಸ್ತೂರೆವ್ವನಿಗೆ ಹೇಳಿದ. ಅವಳು ನೀರನ್ನೂ ಕೊಡಲಿಲ್ಲ. ತಾರೀಖು ಮರೆಯಬೇಡಿ ಎಂದಷ್ಟೇ ಹೇಳಿದಳು.

ಅಕ್ಟೋಬರ್ 16ರಂದು ಗದಗ ಕೋರ್ಟಿನಲ್ಲಿ ಅವನ ಸಾಕ್ಷಿ ಹತ್ತು ನಿಮಿಷದಲ್ಲಿ ಮುಗಿಯಿತು. ಕೋರ್ಟು ತರಿಸಿದ್ದ ಕಾರ್ಡನ್ನೂ ಕೇಸ್ ಪೇಪರನ್ನೂ ನ್ಯಾಯಾಧೀಶರು ಪಕ್ಕಪಕ್ಕದಲ್ಲಿ ಇಟ್ಟುಕೊಂಡರು. ಮೃತನೇ ಗಾಡಿ ನಡೆಸುತ್ತಿದ್ದನೆಂದು ನಿಮಗೆ ಹೇಗೆ ತಿಳಿಯಿತು ಎಂದು ಕೇಳಿದರು.

"ತಿಳಿದಿರಲಿಲ್ರಿ. ಯಾರೂ ಹೇಳಿರಲಿಲ್ಲ. 'ಗೊತ್ತಿಲ್ಲ' ಅಂತ ಬರಿಯೂದು ಕಡಿಮಿ ಆಗಬೇಕಿತ್ತು, ಅದಕ್ಕ ಬರದೆ."

"ಹೀಗೆ ಎಷ್ಟು ಬರೆದಿದ್ದೀರಿ?"

"ನೂರಾ ಮೂವತ್ತೊಂದು."

ಕೋರ್ಟಿನಲ್ಲಿ ಯಾರೋ ನಕ್ಕರು. ನ್ಯಾಯಾಧೀಶರು ನಗಲಿಲ್ಲ. ಪೊಲೀಸ್ ವರದಿಯನ್ನು ತಿರಸ್ಕರಿಸಿ, ಮತ್ತೆ ತನಿಖೆ ನಡೆಸಲು ಆದೇಶಿಸಿದರು.

ಆಸ್ಪತ್ರೆಯ ಸಿಪಾಯಿ ಶೇಖಸಾಬ ಕೋರ್ಟಿನ ಮೆಟ್ಟಿಲ ಹತ್ತಿರವೇ ಪ್ರಹ್ಲಾದನಿಗಾಗಿ ಕಾಯುತ್ತಿದ್ದ. ತಲೆ ತಗ್ಗಿಸಿಕೊಂಡು ಅಮಾನತಿನ ಕಾಗದ ಕೊಟ್ಟು ಹೋದ. ಮೂರೂವರೆಗೆ ಆದೇಶದ ನಕಲು ಸಿಕ್ಕಿತು. ಕಸ್ತೂರೆವ್ವ ಅದನ್ನು ಪ್ರಹ್ಲಾದನ ಕೈಗೆ ಕೊಟ್ಟು, ಒಂದು ಅಕ್ಷರವನ್ನೂ ಬಿಡದೆ ಓದಲು ಹೇಳಿದಳು. ಅವನು ಓದಿದ.

"ಇದರಾಗ ಅವರು ಹಿಂದ ಕುಂತಿದ್ರು ಅಂತ ಐತೇನ್ರಿ?"

"ಇಲ್ಲ. ಯಾರು ನಡಸ್ತಿದ್ರು ಅನ್ನೋದು ಗೊತ್ತಿಲ್ಲ, ಹುಡುಕ್ರಿ ಅಂತ ಅದ."

ಅವಳ ಮುಖ ಕೆಂಪಾಯಿತು. ಆದರೆ ದನಿ ಏರಲಿಲ್ಲ.

"ಗೊತ್ತಿಲ್ಲ ಅಂತ ಬರಿಯಾಕ ನಿಮಗ ಎಂಟು ತಿಂಗಳು ಬೇಕಾತೇನ್ರಿ?"

ನಕಲು ತಾನಾಗಿಯೇ ಠಾಣೆಗೆ ಹೋಗುತ್ತದೆ ಎಂದು ಕೋರ್ಟಿನ ಗುಮಾಸ್ತ ಹೇಳಿದ್ದ. ಅವಳು ನಂಬಲಿಲ್ಲ. ಕಾಗದವನ್ನು ಪ್ರಹ್ಲಾದನ ಕೈಯಿಂದ ಕಸಿದುಕೊಂಡು ಠಾಣೆಯ ದಾರಿ ಹಿಡಿದಳು. ಎಂಟು ಹತ್ತು ಹೆಜ್ಜೆ ಹೋಗಿ ತಿರುಗಿ ನಿಂತಳು.

"ಬರ್ರಿ. ಅಲ್ಲೂ ಓದಬೇಕು."