ಟೀಚರಮ್ಮ ಬರೆದುಕೊಟ್ಟ ಚೀಟಿ

ಅರಬ್ಬಿ ಟೀಚರಮ್ಮನ ಚೀಟಿ ಸಿಗದೆ ಆ ಬೀದಿಯಲ್ಲಿ ಯಾವ ಮಗುವಿಗೂ ಹೆಸರಿಡುತ್ತಿರಲಿಲ್ಲ. ದಪ್ಪ ನಿಘಂಟು ತೆರೆದು, ಹೆಸರಿನ ಮೂಲ, ಅರ್ಥ ಎರಡನ್ನೂ ಹುಡುಕಿ, ಹಸಿರು ಶಾಯಿಯಲ್ಲಿ ಬರೆದು ಸಹಿ ಹಾಕಿ ಕೊಡುವುದು ಆಕೆಯ ಮೂವತ್ತೈದು ವರ್ಷಗಳ ಪದ್ಧತಿ. ಅಂಥವಳ ಮೊದಲ ಮೊಮ್ಮಗಳಿಗೆ ಹೆಸರು ಆರಿಸಿದ್ದು ಯಾರು? ಹೊಲಿಗೆ ಮೆಷಿನ್ ತುಳಿಯುವ ಬೀಗಿತ್ತಿ!

ಟೀಚರಮ್ಮನಿಗೆ ಮೈಯೆಲ್ಲ ಉರಿ. ಬಂದ ಮೂರೇ ದಿನಕ್ಕೆ ಬೀಗಿತ್ತಿ ಇಡೀ ಮನೆಯನ್ನು ಬುಟ್ಟಿಗೆ ಹಾಕಿಕೊಂಡಿದ್ದಳು. ಟೀಚರಮ್ಮ ಎತ್ತಿಕೊಂಡರೆ ಮಗು ಸೂರು ಹಾರಿಹೋಗುವಂತೆ ಅಳುತ್ತಿತ್ತು. ಬೀಗಿತ್ತಿಯ ಮಡಿಲಲ್ಲಿ ತೆಪ್ಪಗೆ ಮಲಗುತ್ತಿತ್ತು. ಹೆತ್ತ ಮಗನೂ "ಅತ್ತೆ, ಅತ್ತೆ" ಎಂದು ಅವಳ ಹಿಂದೆಯೇ ಸುತ್ತುತ್ತಿದ್ದ.

"ಅಮ್ಮ, ಸಲ್ವಾ ಅಂತ ಇಡೋಣ ಅಂತಿದ್ದಾರೆ ಅತ್ತೆ. ಒಂದ್ಸಲ ನೋಡಿಬಿಡು," ಎಂದ ಅವನು.

ಅರ್ಥ ಕೆಟ್ಟದ್ದೇ ಆಗಿರಲಿ ಎಂದು ಬೇಡಿಕೊಳ್ಳುತ್ತಲೇ ಟೀಚರಮ್ಮ ಪುಟ ತಿರುವಿದಳು. ಅಪ್ಪಟ ಅರಬ್ಬಿ ಮೂಲ. ಅರ್ಥ: ಸಾಂತ್ವನ, ದುಃಖ ಮರೆಸುವಂಥದ್ದು. ಹುಡುಕಿದರೂ ಹುಳುಕಿಲ್ಲ. ಹೊಟ್ಟೆಕಿಚ್ಚು ನೆತ್ತಿಗೇರಿ ಪುಸ್ತಕವನ್ನು ಪಟ್ಟನೆ ಮುಚ್ಚಿದಳು.

"ಬೇಡ. ಅರ್ಥ ಒಳ್ಳೇದಲ್ಲ. ಮಕ್ಕಳಿಗೆ ಆಗಿಬರೋ ಹೆಸರಲ್ಲ ಇದು."

ಬೀಗಿತ್ತಿ ಮಗುವನ್ನು ಬಾಣಂತಿ ಮಗಳ ಕೈಗೆ ಕೊಟ್ಟು, ಸೂಜಿ ಡಬ್ಬಿಯ ತಳದಿಂದ ಮಡಚಿದ ಕಾಗದವೊಂದನ್ನು ತೆಗೆದು ಮುಂದೆ ಹಿಡಿದಳು.

"ನಿಮಗೆ ನೆನಪಿರಲ್ಲ, ಬಿಡಿ ಟೀಚರಮ್ಮ. ಇವಳಿಗಿಂತ ಮುಂಚೆ ನನಗೊಂದು ಹೆಣ್ಣು ಹುಟ್ಟಿತ್ತು. ಎರಡು ಬಸ್ಸು ಬದಲಾಯಿಸಿ ನಿಮ್ಮ ಹತ್ರ ಬಂದು ಬರೆಸ್ಕೊಂಡು ಹೋಗಿದ್ದೆ. ಮಗು ಇದ್ದದ್ದು ಹತ್ತೊಂಬತ್ತೇ ದಿನ."

ಹಸಿರು ಶಾಯಿ ಮಾಸಿತ್ತು. 'ಸಲ್ವಾ: ಸಾಂತ್ವನ. ಧಾರಾಳವಾಗಿ ಇಡಿ.' ಕೆಳಗೆ ಟೀಚರಮ್ಮನದೇ ಸಹಿ.

"ಆವತ್ತು ಅವಸರದಲ್ಲಿ ತಪ್ಪು ನೋಡಿದ್ರೇನೋ," ಎಂದಳು ಬೀಗಿತ್ತಿ. ದನಿಯಲ್ಲಿ ಕೋಪವಿರಲಿಲ್ಲ. "ಹೆಸರು ಸರಿಯಿಲ್ಲ ಅಂತಾನೇ ಕೂಸು ಉಳೀಲಿಲ್ಲವೇನೋ. ನಾನೇ ತಾನೇ ಆರಿಸಿ ಇಟ್ಟಿದ್ದು."

ಟೀಚರಮ್ಮ ತನ್ನ ಹಳೆಯ ಸಹಿಯನ್ನೇ ನೋಡಿದಳು. ಸುಮ್ಮನಿದ್ದರೆ ಗೆಲುವು ತನ್ನದೇ. ಮಗ ತಾಯಿಯ ಮುಖವನ್ನೇ ನೋಡುತ್ತಿದ್ದ.

"ತಪ್ಪು ನೋಡಿಲ್ಲ," ಎಂದಳು ಕೊನೆಗೆ. "ಆವತ್ತು ಬರೆದದ್ದೇ ಸರಿ. ಈಗ ಹೇಳಿದ್ದು ಸುಳ್ಳು. ಹೆಸರು ನೀವು ಆರಿಸಿದ್ರಲ್ಲ ಅಂತ ಹೊಟ್ಟೆಯುರಿಗೆ ಹೇಳಿದೆ."

ಹೊಸ ಚೀಟಿ ತೆಗೆದು, ಅದೇ ಮಾತನ್ನು ಮತ್ತೆ ಬರೆದಳು. ಬೀಗಿತ್ತಿ ಕಣ್ಣೊರೆಸಿಕೊಂಡು ಮಗುವನ್ನು ತಂದು ಅವಳ ಮಡಿಲಿಗೆ ಹಾಕಿದಳು.

"ಸಲ್ವಾ," ಎಂದು ಕರೆದಳು ಟೀಚರಮ್ಮ.

ಮಗು ಕಿಟಾರನೆ ಕಿರುಚಿತು. ಬೀಗಿತ್ತಿ ಎತ್ತಿಕೊಂಡೊಡನೆ ಸುಮ್ಮನಾಯಿತು. ಟೀಚರಮ್ಮನಿಗೆ ಮತ್ತೆ ಹೊಟ್ಟೆ ಉರಿಯಿತು. ಆದರೂ ಚೀಟಿಗೆ ಸಹಿ ಹಾಕಿದಳು.