ಅತ್ತೆಗೆ ಬರೆದ ಹೂಗುಚ್ಛ

ನಮ್ಮ ಡಚ್ ಪಟ್ಟಣ ಹಾರ್ಲೆಮ್‌ನಲ್ಲಿ ಹೂವಿನ ಚಿತ್ರ ಬರೆಯುವವರಿಗೆ ಬರವಿಲ್ಲ. ಕಣ್ಣು ಮುಚ್ಚಿ ಕಲ್ಲೆಸೆದರೂ ಅದು ಒಬ್ಬನ ಕಿಟಕಿಗೇ ಬೀಳುತ್ತದೆ. ನಾನೂ ಅವರಲ್ಲೊಬ್ಬ. ಊರವರ ಗೋಡೆಗೆಲ್ಲ ಟ್ಯೂಲಿಪ್ ಅರಳಿಸಿಕೊಟ್ಟವನ ಮನೆಯ ಗೋಡೆ ಮಾತ್ರ ಬೋಳು. ಅತ್ತೆ ವೆಂಡೆಲಾ ತಮಗೊಂದು ಚಿತ್ರ ಬೇಕೆಂದು ಕೇಳುತ್ತಲೇ ಇದ್ದರು, ನಾನು ಮುಂದಿನ ವಸಂತಕ್ಕೆ ಎನ್ನುತ್ತಲೇ ಇದ್ದೆ.

ಈ ಚಳಿಗಾಲ ಅತ್ತೆ ಹಾಸಿಗೆ ಹಿಡಿದರು. ವೈದ್ಯರು ನನ್ನನ್ನು ಅಡುಗೆಮನೆಗೆ ಕರೆದು, ಆಕೆ ವಸಂತ ನೋಡಲಾರರು ಎಂದರು. ಅವರಿಗೆ ಹೇಳಬೇಡಿ ಎಂದು ಬೇಡಿಕೊಂಡವನು ನಾನೇ.

ಅತ್ತೆಯ ಋಣ ಅಷ್ಟಿಷ್ಟಲ್ಲ. ನನ್ನ ಹೆಂಡತಿ ಕಾಟೆಲೈನ್ ಹೆರಿಗೆಯಲ್ಲಿ ತೀರಿಕೊಂಡಾಗ, ಮಗಳನ್ನು ಕಳೆದುಕೊಂಡ ಆ ತಾಯಿ ಒಂದು ಬಟ್ಟೆಗಂಟು ಹಿಡಿದು ಬಂದರು. ಅಳುತ್ತಿದ್ದ ಕೂಸು ಹೆಸ್ಟರ್‌ಳನ್ನು ಎತ್ತಿಕೊಂಡರು. ಮತ್ತೆ ತಮ್ಮ ಊರಿಗೆ ಹೋಗಲೇ ಇಲ್ಲ. ನಮ್ಮದು ಪ್ರೀತಿಯನ್ನೂ ಬೈಗುಳದ ಜೊತೆಯೇ ಬಡಿಸುವ ಮನೆ. ಉಪಕಾರ ಆಯಿತು ಎಂಬ ಮಾತು ನನ್ನ ಬಾಯಲ್ಲಿ ಯಾವತ್ತೂ ಬಂದಿರಲಿಲ್ಲ.

ಹಿಮ ಬೀಳುವಾಗ ಹೂವೆಲ್ಲಿಂದ ಬರಬೇಕು? ನಾವು ಆಯಾ ಕಾಲದ ಹೂವನ್ನು ಆಯಾ ಕಾಲದಲ್ಲೇ ಬಿಡಿ ಹಾಳೆಯಲ್ಲಿ ಬರೆದಿಟ್ಟುಕೊಂಡಿರುತ್ತೇವೆ. ಯಾವ ತೋಟದಲ್ಲೂ ಒಟ್ಟಿಗೆ ಅರಳದ ಟ್ಯೂಲಿಪ್, ಗುಲಾಬಿ, ಐರಿಸ್ ನಮ್ಮ ಹೂದಾನಿಯಲ್ಲಿ ಒಟ್ಟಿಗೆ ನಗುತ್ತವೆ. ಆ ಹಾಳೆಗಳನ್ನು ಹರಡಿಕೊಂಡು ಅತ್ತೆಯ ಮಂಚದ ಪಕ್ಕದಲ್ಲೇ ಬರೆಯಲು ಕುಳಿತೆ.

"ಬಟಾಣಿ ಹೂವೂ ಹಾಕು," ಎಂದರು ಅತ್ತೆ. "ನಮ್ಮಪ್ಪನ ಹೊಲದ್ದು."

"ಬಟಾಣಿ ಹೂವನ್ನ ಗುಚ್ಛದಲ್ಲಿ ಯಾರು ಇಡ್ತಾರೆ ಅತ್ತೆ?"

"ಬಟಾಣಿ ಸೂಪು ಕುಡಿಯೋವಾಗ ಹೋಗದ ಮರ್ಯಾದೆ ಬರೆಯೋವಾಗ ಹೋಗತ್ತಾ?"

ಹಾಕಿದೆ. ಆದರೆ ಇನ್ನೊಂದನ್ನು ಹಾಕಲಿಲ್ಲ. ನಮ್ಮ ಹೂಚಿತ್ರವೆಂದರೆ ಮೇಜಿನ ಮೇಲೊಂದು ಉದುರಿದ ದಳ, ಎಲೆ ತಿನ್ನುವ ಹುಳ, ಇಲ್ಲವೇ ಒಂದು ನೊಣ ಇರಲೇಬೇಕು. ಚೆಲುವು ನಾಲ್ಕು ದಿನದ್ದು, ದೇವರನ್ನು ನೆನೆ ಎಂದು ಅದರ ಅರ್ಥ. ಸಾವಿನ ಹೊಸ್ತಿಲಲ್ಲಿರುವವರಿಗೆ ಆ ಉಪದೇಶವೇಕೆ? ಒಂದು ಎಲೆಯ ಅಂಚನ್ನೂ ಬಾಡಲು ಬಿಡಲಿಲ್ಲ.

ಚಿತ್ರ ಬರೆದು ಮುಗಿಸಿದ ಮರದ ಹಲಗೆಯನ್ನು ಅವರ ತೊಡೆಯ ಮೇಲಿಟ್ಟೆ. ಬಟಾಣಿ ಹೂವನ್ನು ನೋಡಿ ಮುಖ ಅರಳಿತು. ಆಮೇಲೆ ಕಣ್ಣು ಚಿತ್ರದ ಕೆಳಗೆ ಏನನ್ನೋ ಹುಡುಕತೊಡಗಿತು.

"ಹುಳ ಎಲ್ಲಿ?"

"ಇಲ್ಲತ್ತೆ."

"ಉದುರಿದ ದಳ?"

"ನಿಮಗೇ ಅಂತ ಎಲ್ಲಾ ತಾಜಾ ಹೂವೇ ಬರೆದೆ."

ಅವರು ನನ್ನನ್ನೇ ದಿಟ್ಟಿಸಿದರು. "ಪಾದ್ರಿಗಳ ಚಿತ್ರಕ್ಕೆ ಹುಳ ಹಾಕ್ದೆ. ಮೇಯರ್ ಹೆಂಡ್ತಿ ಚಿತ್ರಕ್ಕೆ ನೊಣ ಕೂರಿಸ್ದೆ. ನನ್ನ ಚಿತ್ರದಲ್ಲಿ ಮಾತ್ರ ಏನೂ ಬಾಡಿಲ್ಲ. ಡಾಕ್ಟ್ರು ಏನಂದ್ರು ಅಂತ ನಾನು ಬೇರೆ ಕೇಳ್ಬೇಕಾ, ಅಳಿಯಂದಿರೇ?"

ಮುಚ್ಚಿಡಲು ಹೋಗಿ ನಾನೇ ಡಂಗುರ ಸಾರಿದ್ದೆ. ಬಾಯಿ ಒಣಗಿತು, ಕಣ್ಣು ಮಾತ್ರ ಒಣಗಲಿಲ್ಲ.

"ಅಳೋದು ಆಮೇಲೆ. ಕುಂಚ ತಗೋ. ಗುಲಾಬಿದೊಂದು ದಳ ಉದುರ್ಸು. ಬಾಡದೇ ಇರೋ ಹೂವು ಸುಳ್ಳು ಹೂವು ಕಣೋ."

ಬಣ್ಣ ಕಲಸಿಕೊಂಡು ಕುಳಿತೆ. ಅವರ ಮುಖ ನೋಡಿದ್ದರೆ ಹೇಳಲಾಗುತ್ತಿರಲಿಲ್ಲ, ದಳವನ್ನೇ ನೋಡುತ್ತಾ ಹೇಳಿದೆ: "ಅತ್ತೆ, ಅವತ್ತು ನೀವು ಬರ್ದೇ ಇದ್ದಿದ್ರೆ ಆ ಮಗು ಉಳೀತಿರ್ಲಿಲ್ಲ. ನಾನೂ ಉಳೀತಿರ್ಲಿಲ್ಲ. ನಿಮ್ಮ ಉಪಕಾರ ದೊಡ್ಡದು."

"ನಂಗೂ ಬೇರೆ ಯಾರಿದ್ರು? ಆ ಕೂಸನ್ನ ಎತ್ಕೊಂಡಿದ್ದಕ್ಕೇ ನಾನೂ ಉಳ್ಕೊಂಡೆ," ಎಂದ ಅತ್ತೆ ತಕ್ಷಣ ಚಿತ್ರದತ್ತ ಬಗ್ಗಿ, "ಅಂಚು ಇನ್ನೂ ಸ್ವಲ್ಪ ಮುದುರ್ಲಿ," ಎಂದರು.

ದಳವನ್ನು ಮೇಜಿನ ಮೇಲೆ ಬೀಳಿಸಿ, ಅದಿದ್ದ ಜಾಗದಲ್ಲಿ ಹಿಂದಿನಿಂದ ಇಣುಕುವ ಮೊಗ್ಗೊಂದನ್ನು ಬರೆದೆ. ಆಮೇಲೆ ಅತ್ತೆ ಹೆಸ್ಟರ್‌ಳನ್ನು ಕೂಗಿ ಪಕ್ಕದಲ್ಲಿ ಕೂರಿಸಿಕೊಂಡರು. ಹುಡುಗಿಗೆ ಹೇಗೆ ಹೇಳುವುದೆಂದು ನಾನು ಒದ್ದಾಡುತ್ತಿದ್ದ ಮಾತನ್ನು ಅವರು ಬೆರಳು ತೋರಿಸಿ ಹೇಳಿಬಿಟ್ಟರು.

"ಇಲ್ಲೊಂದು ದಳ ಬಿದ್ದಿದೆ ನೋಡು, ಇದು ಅಜ್ಜಿ."

ಹೆಸ್ಟರ್ ಅವರ ತೋಳನ್ನು ಅವಚಿಕೊಂಡಳು. "ಬೀಳ್ಬೇಡ ಅಜ್ಜಿ."

"ಬೀಳ್ದೇ ಅಲ್ಲೇ ಅಂಟ್ಕೊಂಡಿದ್ರೆ ಹಿಂದಿನ ಮೊಗ್ಗು ಯಾರ ಕಣ್ಣಿಗೆ ಬೀಳತ್ತೆ ಕಂದಾ?" ಎಂದರು ಅತ್ತೆ. "ಹುಡುಕು ನೋಡೋಣ, ಅಲ್ಲೇ ಇದೀಯ ನೀನು."